ಒತ್ತು

ಮೊದಲನೇ ರಾತ್ರಿ ಏನೂ ಆಗಲಿಲ್ಲ.
ಗೇಮು ತೆರೆಯಿತು, ಹಡಗುಕಟ್ಟೆ ಬಂತು,
ಬಲೆ ಹೆಣೆಯುವ ಮುದುಕಿ ಎಂದಿನಂತೆ
ಇಂಗ್ಲಿಷಿನಲ್ಲೇ ಬೈದಳು.

ಸ್ವಾನ್ಸಿ. ಗುಡ್ಡಕ್ಕೆ ಆತುಕೊಂಡ ಸಾಲುಮನೆ,
ಕಿಟಕಿಯಾಚೆ ಕೊಲ್ಲಿಯ ದೀಪಗಳನ್ನು
ಮಂಜು ಅರ್ಧ ಒರೆಸಿ ಬಿಟ್ಟಿದೆ.
ನಾನು ಸೂಪರ್‌ಮಾರ್ಕೆಟ್ಟಿನ ಬೇಕರಿಯವಳು;
ಮೂರು ಗಂಟೆಗೆ ಹಿಟ್ಟು ಕಾಯುತ್ತದೆ,
ಅಲ್ಲಿಯವರೆಗಿನ ರಾತ್ರಿ ನನ್ನದು.

ಮಾಡ್ ಮಾಡಿದವರ ಹೆಸರು 'ಹಿತ್ತಲಗಿಡ'.
ಮದ್ದಲ್ಲ ಎಂದು ತಾನೇ ಮುಂಚೆ ಹೇಳಿಕೊಂಡ ಹಾಗೆ.
ಊರಿಲ್ಲ, ಮುಖವಿಲ್ಲ.
ಆರು ಸಾವಿರ ಸಾಲು ಮಾತನ್ನು
ಒಬ್ಬನೇ, ಅಥವಾ ಒಬ್ಬಳೇ, ಕನ್ನಡಕ್ಕೆ ತಂದು
ಜಿಪ್ ಮಾಡಿ ಗಂಟು ಕಟ್ಟಿಟ್ಟು
ಎದ್ದುಹೋದ ಹಾಗಿದೆ.
ಜೊತೆಗೊಂದು ಚೀಟಿ: 'ಮೊದಲು ಇದನ್ನು ಓದಿ.'
ಯಾರು ಓದುತ್ತಾರೆ?

ಎರಡನೇ ರಾತ್ರಿ ಓದಿದೆ, ಬೇಕಾದಷ್ಟು.
'ಫೋಲ್ಡರಿನೊಳಗೆ ಅದೇ ಹೆಸರಿನ ಫೋಲ್ಡರ್ ಇದ್ದರೆ
ಒಳಗಿನದನ್ನು ಹೊರಗೆ ತನ್ನಿ.'
ಇತ್ತು. ತಂದೆ.
ಮುದುಕಿ ಬಾಯಿ ತೆರೆದಳು:
□□□, □□ □□□□!
ಸುಣ್ಣ ಹೊಡೆದು ಖಾಲಿ ಬಿಟ್ಟ ಕಿಟಕಿಗಳ ಬೀದಿಯೊಂದು
ಅವಳ ಬಾಯಿಂದ ಹೊರಟು ಕಡಲಿನವರೆಗೆ.

ಫಾಂಟ್ ಬೇರೆ ಇಳಿಸಬೇಕಂತೆ. ಫಾಂಟಿಗೆ ಮುಂಚೆ
ಇನ್ನೊಂದು ಮಾಡ್, ಅದಕ್ಕೆ ಮುಂಚೆ ಮತ್ತೊಂದು.
ಊಟದ ಪಂಕ್ತಿಯಲ್ಲಿ ಯಾರ ಮೇಲೆ ಯಾರು ಕೂತರೆಂದು
ಇವಕ್ಕೂ ಮನಸ್ತಾಪ.
ಮೇಲಿನದನ್ನು ಕೆಳಗೆಳೆದೆ, ಕೆಳಗಿನದನ್ನು ಮೇಲೆ.
ತೆರೆಯುವ ಮೊದಲೇ ಗೇಮು ಮುಚ್ಚಿಕೊಂಡಿತು,
ತಪ್ಪೇನೆಂದೂ ಹೇಳದೆ.

ಕೆಳಮನೆಯ ಗೆಥಿನ್, ಫ್ರಿಜ್ ರಿಪೇರಿಯವನು,
ಬೂಟು ಬಿಚ್ಚದೆ ಒಳಬಂದ, ಚಹಾ ಕುಡಿದ, ಅಂದ:
ಅರ್ಧ ಮಾಡ್ ತೆಗೆ. ಓಡುತ್ತಾ?
ಹಾಗಾದರೆ ಕಳ್ಳ ತೆಗೆದ ಅರ್ಧದಲ್ಲಿದ್ದಾನೆ.
ಅದರ ಅರ್ಧ ವಾಪಸು ಹಾಕು. ಮತ್ತೆ ನೋಡು.
ಹಳೇ ಫ್ರಿಜ್ಜಿಗೂ ನಾನು ಮಾಡೋದು ಇಷ್ಟೇ.

ಸಿಕ್ಕ ಕಳ್ಳ:
ಕಡಲಹಕ್ಕಿಗಳಿಗೆ ಟೋಪಿ ತೊಡಿಸುವ ಪುಟ್ಟ ಮಾಡ್,
ಹೋದ ಕ್ರಿಸ್‌ಮಸ್ಸಿಗೆ ಹಾಕಿ ಮರೆತದ್ದು.
ಅಳಿಸುವಾಗ ಸ್ವಲ್ಪ ಬೇಜಾರಾಯಿತು.

ನಾಲ್ಕನೇ ರಾತ್ರಿ ಅಕ್ಷರ ಬಂತು.
ಒತ್ತು ಬರಲಿಲ್ಲ.
'ಅಕ್‌ಕ, ಬುಟ್‌ಟಿ ಎತ್‌ತು,' ಎಂದಳು ಮುದುಕಿ,
'ಕತ್‌ತಲಾಗ್‌ತಿದೆ.'
ಪದಪದಕ್ಕೂ ನಡುವೆ ನಿಂತು
ಗೋಡೆ ಹಿಡಿದು ಉಸಿರೆಳೆದುಕೊಂಡ ಹಾಗೆ.
ಕಾಲಬುಡದಲ್ಲಿ ಮುದುರಿ ಕೂರಬೇಕಾದ ಮರಿ
ಪಕ್ಕದಲ್ಲಿ ಅಷ್ಟುದ್ದ ಬೆಳೆದು ನಿಂತಿದೆ
ಗುರುತೇ ಇಲ್ಲದವರಂತೆ.

ದುಂಡುದುಂಡಗೆ ಚೆನ್ನಾಗೇ ಇದೆಯಲ್ಲ, ಅಂದ ಗೆಥಿನ್.
ಬ್ರೆಡ್ಡಿನ ಕಾಗದದ ಮೇಲೆ ಬರೆದು ತೋರಿಸಿದೆ:
ಕ. ಅದರ ಕೆಳಗೊಂದು ಕ. ನೋಡು, ಕೆಳಗೆ.
ಅವನು ಪೆನ್ನು ಕಿತ್ತುಕೊಂಡು
ತನ್ನ ವೆಲ್ಷಿನ ಎರಡು ಎಲ್‌ಗಳನ್ನು ಪಕ್ಕಪಕ್ಕ ಬರೆದ,
ನಾಲಿಗೆಯ ಬದಿಯಿಂದ ಗಾಳಿ ಬಿಟ್ಟ.
ನಮಗೆ ಪಕ್ಕದಲ್ಲೇ ನಿಂತರೂ ಒಂದೇ ಸದ್ದು, ಅಂದ.
ನಾನೂ ಹೇಳಲು ಹೋಗಿ
ಮೇಜಿಗೆಲ್ಲ ಉಗುಳು.

ಅವನು ಹೋದ ಮೇಲೆ ಚೀಟಿಯ ತಳದವರೆಗೆ ಓದಿದೆ.
'ಒತ್ತು ಬೀಳದಿದ್ದರೆ ಸೆಟ್ಟಿಂಗ್ಸ್ ಕಡತದ
ಹದಿನೇಳನೇ ಸಾಲಿನ ಸೊನ್ನೆಯನ್ನು ಒಂದು ಮಾಡಿ.
ಇದು ಹೊಳೆಯಲು ನನಗೊಂದು ಚಳಿಗಾಲ ಹಿಡಿಯಿತು.'

ಚಳಿಗಾಲ ಅಂದಿದ್ದೀರಿ, ಹಿತ್ತಲಗಿಡ.
ಎಲ್ಲಿಯದು? ಹೀಟರು ನಿಮ್ಮಲ್ಲೂ
ಹತ್ತು ಗಂಟೆಗೇ ಆರಿಹೋಗುತ್ತದೆಯೆ?

ಒಂದು ಮಾಡಿದೆ.
ಪರದೆ ಕಪ್ಪಾಗಿ, ತಡವಾಗಿ, ನಿಧಾನವಾಗಿ:
'ಮುಂದುವರಿಯಲು ಯಾವುದಾದರೂ ಕೀ ಒತ್ತಿ.'
ತಕಾರದಡಿ ತಕಾರ, ಇದ್ದಲ್ಲೇ ಇತ್ತು.

ಒತ್ತಲಿಲ್ಲ. ಎರಡೂಮುಕ್ಕಾಲಾಗಿತ್ತು.
ಆರಿಸಲೂ ಇಲ್ಲ. ಕೋಟು ತೊಟ್ಟು
ಜಾರುವ ಮೆಟ್ಟಿಲಲ್ಲಿ ಗುಡ್ಡ ಇಳಿದೆ.
ಅಲ್ಲಿ ಹಿಟ್ಟು ಉಬ್ಬಿ ಕಾಯುತ್ತಿತ್ತು,
ಅಂಗೈ ಊರಿ ಒತ್ತಿದೆ.